ಕಂಪ್ಯೂಟರಿನ ಇಸ್ಪೀಟಿಗೂ ಒಂದು ಕಟ್

ಇವತ್ತು ಭಾನುವಾರ. ಬೆಳಗ್ಗೆ ಎದ್ದಾಗಿನಿಂದ ಮಧ್ಯಾಹ್ನದ ಈ ಮೂರು ಗಂಟೆಯವರೆಗೆ ನಾನು ಮಾಡಿದ ಕೆಲಸಗಳು ಇಷ್ಟು. ಬಾಗಿಲಿಗೆ ನೀರು ಹಾಕಿ ನಾಲ್ಕೆಳೆ ರಂಗೋಲಿ ಬಿಟ್ಟೆ. ಹಾಲು ಕಾಯಿಸಿದೆ. ಮೋಟಾರು ಹಾಕಿ, ಟ್ಯಾಂಕು ತುಂಬಿ ಪಕ್ಕದ ಮನೆಯವರು ಕೂಗುವ ಮೊದಲೇ ನೆನಪು ಮಾಡಿಕೊಂಡು ಆರಿಸಿದೆ. ಹೆಸರುಕಾಳು ರುಬ್ಬಿ ಪೆಸರಟ್ಟು ಹುಯ್ದೆ. ಮಹಡಿಯ ಮೇಲೆ ಒಣಗಲು ಹಾಕಿದ್ದ ಮಜ್ಜಿಗೆ ಮೆಣಸಿನಕಾಯಿಯನ್ನು ಮಗುಚಿ ಹಾಕಿ ಬಂದೆ. ನಮ್ಮವರ ಎರಡು ಅಂಗಿಗೆ ಗುಂಡಿ ಹೊಲಿದೆ; ಒಂದಕ್ಕೆ ಬಿಳಿಯದು ಸಿಗದೆ ಕಂದು ಬಣ್ಣದ್ದು ಹೊಲಿದೆ, ಅವರಿನ್ನೂ ನೋಡಿಲ್ಲ. ಗೋಂಗೂರ ಸೊಪ್ಪು ಬಿಡಿಸಿ ತೊಳೆದೆ. ಹನ್ನೊಂದು ಸಲ ಇಸ್ಪೀಟು ಕಟ್ ಮಾಡಿದೆ.

ಕೊನೆಯ ಕೆಲಸ ಓದಿ ನೀವು ಏನೇನೋ ಅಂದುಕೊಳ್ಳುವ ಮೊದಲೇ ಹೇಳಿಬಿಡುತ್ತೇನೆ. ನಮ್ಮದು ಅಂಥ ಮನೆಯಲ್ಲ. ವಿಶಾಖಪಟ್ಟಣದ ಅಂಚಿನ ಪೆಂದುರ್ತಿಯಲ್ಲಿ ಎರಡು ಕೋಣೆ, ಒಂದು ಹಾಲು, ಹಿಂದೆ ಒಂದು ಕರಿಬೇವಿನ ಗಿಡ ಇರುವ ಮರ್ಯಾದಸ್ಥರ ಬಾಡಿಗೆ ಮನೆ. ಆಡುವವರು ಎಪ್ಪತ್ತನಾಲ್ಕು ವರ್ಷದ ನಮ್ಮ ಅತ್ತೆ. ಇಸ್ಪೀಟು ಇರುವುದು ಕಂಪ್ಯೂಟರಿನ ಒಳಗೆ.

ಅತ್ತೆ ಅಂದೆನಲ್ಲ, ಎದುರಿಗೆ ಹಾಗೆ ಅನ್ನುವ ಹಾಗಿಲ್ಲ. ನಾನು ಅರಸೀಕೆರೆಯಿಂದ ಸೊಸೆಯಾಗಿ ವಿಜಯವಾಡಕ್ಕೆ ಬಂದ ಮೊದಲ ವಾರವೇ ತಿದ್ದಿದ್ದರು. "ಅತ್ತೆ ಅಂದ್ರೆ ಮೊಟಕು ಮೊಟಕಾಗಿ ಕೇಳುತ್ತೆ ಅಮ್ಮಾಯ್. ಅತ್ತಯ್ಯಗಾರು ಅನ್ನು." ಅವರ ಮನೆಯವರು ಮೂಲತಃ ಕನ್ನಡದವರೇ. ಆದರೆ ಮೂರು ತಲೆಮಾರಿನಿಂದ ಕೃಷ್ಣೆಯ ನೀರು ಕುಡಿದ ಕನ್ನಡ ಅದು. ವಾಕ್ಯ ಕನ್ನಡದಲ್ಲಿ ಹೊರಟು ತೆಲುಗಿನಲ್ಲಿ ಮನೆ ಸೇರುತ್ತದೆ. ಇಪ್ಪತ್ತೇಳು ವರ್ಷದಲ್ಲಿ "ಗಾರು" ಸವೆದು ಹೋಗಿ ಈಗ ಬರೀ ಅತ್ತಯ್ಯ ಉಳಿದಿದ್ದಾರೆ. ನಮ್ಮವರಿಗೆ ಇಲ್ಲಿಗೆ ವರ್ಗವಾದಾಗ ಅವರು ಜೊತೆಗೆ ಬರಲಿಲ್ಲ. "ನಿಮ್ಮ ವೈಜಾಗಿನ ಸಮುದ್ರದ ಗಾಳಿಗೆ ಅಪ್ಪಳ ಕೂಡ ಗರಿಯಾಗಿರಲ್ಲ" ಅಂದು ವಿಜಯವಾಡದ ಬಿಸಿಲಿನಲ್ಲೇ ಉಳಿದರು, ತಂಗಿಯ ಜೊತೆ.

ಮೂರು ತಿಂಗಳ ಹಿಂದೆ ಅಲ್ಲಿ ಒದ್ದೆ ಮೆಟ್ಟಿಲಿನ ಮೇಲೆ ಜಾರಿದರು. ಬಲಗೈ ಮಣಿಕಟ್ಟು ಮುರಿಯಿತು. ನಮ್ಮವರು ಹೋಗಿ ರೈಲಿನಲ್ಲಿ ಕರೆದುಕೊಂಡು ಬಂದರು. ಆಸ್ಪತ್ರೆಯವರು ಕೈ ತೂಗುಹಾಕಲು ಕೊಟ್ಟ ನೀಲಿ ಪಟ್ಟಿ ತುರಿಸುತ್ತದೆಂದು ಬಿಸಾಡಿ, ತಮ್ಮ ಹಳೆಯ ಮಂಗಳಗಿರಿ ಸೀರೆಯ ಅಂಚು ಕತ್ತರಿಸಿ ಕೊರಳಿಗೆ ಕಟ್ಟಿಸಿಕೊಂಡರು. ನೋಡಿದವರೆಲ್ಲ ಪಟ್ಟಿಯ ಜರಿ ಚೆನ್ನಾಗಿದೆ ಅನ್ನುವವರೇ.

ಪ್ಲಾಸ್ಟರ್ ತೆಗೆದ ಮೇಲೆ ನಿಜವಾದ ಕಷ್ಟ ಶುರುವಾಯಿತು. ಮೂಳೆ ಕೂಡಿಕೊಂಡಿತ್ತು, ಬೆರಳು ಮಡಿಚುತ್ತಿರಲಿಲ್ಲ. ಐದೂ ಬೆರಳು ಬಿಸಿಲಿಗೆ ಒಣಹಾಕಿದ ಬಟ್ಟೆಯ ಹಾಗೆ ಸೆಟೆದು ನಿಂತಿದ್ದವು. ಈಗ ಬಳಸದಿದ್ದರೆ ಹಾಗೇ ಉಳಿದುಬಿಡುತ್ತದೆ ಎಂದರು ಡಾಕ್ಟರು. ವಾರಕ್ಕೊಮ್ಮೆ ಬರುವ ಫಿಜಿಯೋ ಹುಡುಗಿ ಒಂದು ಹಳದಿ ರಬ್ಬರ್ ಚೆಂಡು ಕೊಟ್ಟು, ದಿನಕ್ಕೆ ನೂರು ಸಲ ಹಿಚುಕಿ ಅಂದಳು.

"ನಾನೇನು ಪಮೇರಿಯನ್ ನಾಯೀನಾ, ಬಾಲ್ ಕೊಟ್ಟು ಆಡಿಸೋಕೆ?" ಅಂದರು ಅತ್ತಯ್ಯ. ಚೆಂಡು ಸೋಫಾದ ಕೆಳಗೆ ಹೋಯಿತು. ಮೂರು ಸಲ ತೆಗೆದುಕೊಟ್ಟೆ, ಮೂರು ಸಲವೂ ಹೋಯಿತು.

ಇದನ್ನು ನಗುತ್ತಾ ಬರೆಯುತ್ತಿದ್ದೇನೆ, ಆದರೆ ಊಟದ ಹೊತ್ತಿನಲ್ಲಿ ನಗು ಬರುತ್ತಿರಲಿಲ್ಲ. ಪಪ್ಪಿಗೆ, ಅಂದರೆ ತೊವ್ವೆಗೆ, ತುಪ್ಪ ಹಾಕಿ ಬೆರಳ ತುದಿಯಲ್ಲೇ ಅನ್ನ ಹದವಾಗಿ ಕಲೆಸಿ, ಕಲೆಸುವುದರಲ್ಲೇ ಅರ್ಧ ಹಸಿವು ತೀರಿಸಿಕೊಳ್ಳುವವರು ಅವರು. ಈಗ ಎಡಗೈಯಲ್ಲಿ ಚಮಚ ಹಿಡಿದು, ಕುರ್ಚಿಯನ್ನು ಗೋಡೆಯ ಕಡೆ ತಿರುಗಿಸಿಕೊಂಡು ಕೂರುತ್ತಿದ್ದರು. ನಾಲ್ಕು ಚಮಚಕ್ಕೆ "ಚಾಲು, ಸಾಕು" ಅಂದು ತಟ್ಟೆ ಸರಿಸುವರು. ಅವರ ಕುಪ್ಪಸ ಸಡಿಲವಾಗುತ್ತಾ ಬಂದಿದ್ದು ನನಗೆ ಕಾಣುತ್ತಿತ್ತು, ಹೊಲಿಗೆ ಒಳಗೆ ಹಿಡಿದವಳು ನಾನೇ ಅಲ್ಲವೇ? ಆ ಕೈ ಮತ್ತೆ ಅನ್ನ ಕಲೆಸಬೇಕು, ಅಷ್ಟಾದರೆ ಸಾಕು ಎಂದು ಕೂತಲ್ಲಿ ನಿಂತಲ್ಲಿ ಅಂದುಕೊಳ್ಳುತ್ತಿದ್ದೆ.

ಒಂದು ಬೆಳಗ್ಗೆ ಕಂಪ್ಯೂಟರಿನ ಧೂಳು ಒರೆಸುತ್ತಿದ್ದೆ. ನಮ್ಮವರ ಆಫೀಸಿಗೆ ಹೊಸವು ಬಂದಾಗ ಹಳೆಯದನ್ನು ಕೆಲಸದವರಿಗೇ ಹಂಚಿದ್ದರು; ನಮ್ಮ ಮನೆಯಲ್ಲಿ ಅದು ಒಂದು ಮೂಲೆ ಹಿಡಿದು, ಮೇಲೆ ಗಣಪತಿ, ಪಕ್ಕದಲ್ಲಿ ಕರೆಂಟು ಬಿಲ್ಲು ಇಟ್ಟುಕೊಂಡು ಕೂತಿದೆ. ಒರೆಸುವಾಗ ಮೌಸ್ ಅಂಗೈಗೆ ಸಿಕ್ಕಿತು. ಬೆರಳುಗಳು ತಾವಾಗಿಯೇ ಬಾಗಿ ಅದರ ಮೇಲೆ ಕೂತವು. ಬಟ್ಟೆ ಅಲ್ಲೇ ಬಿಟ್ಟು ನಾನೂ ಕೂತೆ. ವಿಜಯವಾಡದ ಕಂಪ್ಯೂಟರ್ ಕ್ಲಾಸು ನೆನಪಾಯಿತು.

ಮದುವೆಯಾದ ಹೊಸತು. ಕಾಲುವೆ ದಂಡೆಯ ಬಳೆ ಅಂಗಡಿಯ ಮಹಡಿಯ ಮೇಲೆ ಒಂದು ಕೋಣೆ, ನಾಲ್ಕು ಕಂಪ್ಯೂಟರು, ಎಂಟು ಹೆಂಗಸರು. ಕಂಪ್ಯೂಟರುಗಳ ಆರೋಗ್ಯಕ್ಕೆಂದು ಏಸಿ ಹಾಕಿದ್ದರು. ಮೇ ತಿಂಗಳ ವಿಜಯವಾಡ ಕಂಡವರಿಗೆ ಗೊತ್ತು, ನಾವು ಎಂಟೂ ಜನ ಸೇರಿದ್ದು ಯಾವ ವಿದ್ಯೆಯ ಆಸೆಗೆ ಅಂತ. ಮೇಷ್ಟ್ರು ಮೊದಲ ದಿನವೇ, "ಕೈಗೆ ಮೌಸ್ ಒಗ್ಗಬೇಕಮ್ಮಾ, ಇದರಲ್ಲೇ ಇರೋ ಸಾಲಿಟೇರ್ ಆಡಿ" ಎಂದರು. ಒಬ್ಬರೇ ಕೂತು ಆಡುವ ಇಸ್ಪೀಟಾಟ ಅದು. ಎಲೆಗಳನ್ನು ಎತ್ತಿ ಎತ್ತಿ ಇಳಿಕೆಯಲ್ಲಿ ಜೋಡಿಸುತ್ತಾ, ಕೊನೆಗೆ ಎಲ್ಲವನ್ನೂ ಮೇಲಿನ ಖಾನೆಗಳಿಗೆ ಏರಿಸುವುದು. ಆಡಿದೆವು. ಎರಡು ತಿಂಗಳು ಆಡಿದೆವು. ಸಂಜೆ ನಮ್ಮವರು "ಇವತ್ತೇನು ಕಲಿತೆ?" ಎಂದು ಕೇಳಿದರೆ, "ಫೈಲು ಎತ್ತಿ ಸರಿಯಾದ ಜಾಗದಲ್ಲಿ ಇಡೋದು" ಅನ್ನುತ್ತಿದ್ದೆ. ಕೆಂಪು ಒಂಬತ್ತನ್ನು ಕಪ್ಪು ಹತ್ತರ ಮೇಲೆ ಇಡುವುದು ಬೇರೆ ಏನು, ನೀವೇ ಹೇಳಿ.

ಟೈಪಿಂಗ್ ಪಾಠ ಮುಂದೆ ಹೋಗದ್ದು ನೋಡಿ ಮೇಷ್ಟ್ರು ಒಂದು ದಿನ ಎಲ್ಲ ಆಟಗಳನ್ನೂ ಮಾಯ ಮಾಡಿದರು. ಕ್ಲಾಸಿಗೆ ಸೂತಕ. ಆಗ ನನ್ನ ಪಕ್ಕದ ವನಜಕ್ಕ, ಬಳ್ಳಾರಿಯಿಂದ ವರ್ಗವಾಗಿ ಬಂದಿದ್ದ ಬ್ಯಾಂಕ್ ಗುಮಾಸ್ತರ ಹೆಂಡತಿ, ಅಲ್ಲಿ ಇಲ್ಲಿ ಒತ್ತಿ ಹುಡುಕಿ ನನ್ನ ಕಿವಿಯಲ್ಲಿ ಹೇಳಿದಳು: "ಕಿತ್ತು ಒಗದಿಲ್ಲ ತಗಿ, ಒಳಗೇ ಅದಾವ. ಬರೇ ಟಿಕ್ ತಗದಾನ." ಅರ್ಧ ಗಂಟೆಯಲ್ಲಿ ಕ್ಲಾಸಿನ ಜೀವ ಮರಳಿ ಬಂತು. ಇವತ್ತಿಗೂ ನಾನು ಎರಡು ಬೆರಳಲ್ಲೇ ಟೈಪು ಮಾಡುವುದು. ಆದರೆ ವನಜಕ್ಕನ ಪಾಠ ಮರೆತಿಲ್ಲ.

ಅತ್ತಯ್ಯನಿಗೆ ಇಸ್ಪೀಟೆಂದರೆ ಪ್ರಾಣ. ನಿಜವಾದ ಎಲೆ ಒಂದು ಕೈಯಲ್ಲಿ ಬೀಸಣಿಗೆಯ ಹಾಗೆ ಹಿಡಿಯಲು ಆಗದು, ಕಲೆಸಲು ಆಗದು. ಫೋನಿನಲ್ಲಿ ಹಾಕಿಕೊಟ್ಟರೆ ಎರಡು ಎಲೆ ಇಡುವಷ್ಟರಲ್ಲಿ ಜಾಹೀರಾತಿನ ಹುಡುಗಿ ಬಂದು ಕುಣಿಯುತ್ತಾಳೆ, "ಇವಳನ್ನ ಯಾರು ಕರೆದರು?" ಎಂದು ಫೋನು ಮಗುಚಿಟ್ಟಿದ್ದರು. ಉಳಿದದ್ದು ಈ ಮುದಿ ಕಂಪ್ಯೂಟರು. ಆಡಿದರೆ ಮೌಸ್ ಹಿಡಿಯಬೇಕು, ಹಿಡಿದರೆ ಬೆರಳು ಬಾಗಬೇಕು.

"ಅದರಲ್ಲಿ ಆಟ ಇಲ್ಲ ಕಣೇ," ಎಂದರು ನಮ್ಮವರು ಪೇಪರಿನಿಂದ ತಲೆಯೆತ್ತದೆ. "ಆಫೀಸಿನ ಮಿಷನ್ನು. ತೆಗೆದುಹಾಕಿರ್ತಾರೆ. ಎಂಟು ವರ್ಷ ಅದರ ಮುಂದೆ ಕೂತಿದ್ದೀನಿ, ನನಗೆ ಗೊತ್ತಿಲ್ವಾ?"

"ಇಪ್ಪತ್ತೇಳು ವರ್ಷದಿಂದ ನನ್ನ ಅಡುಗೆಮನೆಗೆ ಬಂದು ಹೋಗ್ತಿದ್ದೀರಿ. ಇಂಗಿನ ಡಬ್ಬಿ ಎಲ್ಲಿದೆ ಹೇಳಿ ನೋಡೋಣ."

ಪೇಪರು ಇನ್ನೊಂದು ಪುಟ ತಿರುಗಿತು.

ಹೆಸರು ಹೊಡೆದು ಹುಡುಕಿದೆ. ಅಂಥದ್ದು ಇಲ್ಲ ಅಂದಿತು. ಕಂಟ್ರೋಲ್ ಪ್ಯಾನಲ್ ತೆರೆದೆ, ಅಲ್ಲಿಂದ ಪ್ರೋಗ್ರಾಮ್ಸ್. ಒಂದು ಮೂಲೆಯಲ್ಲಿ ಸಣ್ಣ ಗುರಾಣಿಯ ಚಿತ್ರ, ಪಕ್ಕದಲ್ಲಿ ಒಳಗಿನ ಸೌಕರ್ಯಗಳನ್ನು ಬೇಕಾದರೆ ಹಾಕಿ ಬೇಡದಿದ್ದರೆ ಆರಿಸಿ ಎಂಬ ಅರ್ಥದ ಒಂದು ಸಾಲು. ಒತ್ತಿದೆ. ಪಾಸ್‌ವರ್ಡ್ ಕೇಳಿತು. ನಮ್ಮವರು ಈಗ ಎದ್ದು ಬಂದರು. "ಅಲ್ಲೆಲ್ಲ ಕೈ ಹಾಕಬೇಡ, ಏನಾದರೂ ಆದೀತು" ಎನ್ನುತ್ತಲೇ, ಕಟ್ಟಿಕೊಂಡ ಹೆಂಡತಿಗೆ ಕಾಣದಂತೆ ಕೈ ಅಡ್ಡ ಹಿಡಿದು ಪಾಸ್‌ವರ್ಡ್ ಹೊಡೆದರು. ನನ್ನ ಹುಟ್ಟಿದ ತಾರೀಕು ಅದು. ನನಗೆ ಯಾವತ್ತೋ ಗೊತ್ತು. ಹೇಳಿ ಅವರ ಗುಟ್ಟು ಯಾಕೆ ಕೆಡಿಸಲಿ?

ತುಸು ಹೊತ್ತು ಖಾಲಿ ಪೆಟ್ಟಿಗೆ. ಆಮೇಲೆ ಒಂದು ಪಟ್ಟಿ ಬಂತು, ಅಟ್ಟದ ಮೇಲಿನ ಪಾತ್ರೆಗಳ ಹಾಗೆ, ಯಾವುದು ಯಾತಕ್ಕೋ ತಿಳಿಯದು. ನಡುವೆ ಗೇಮ್ಸ್ ಎಂದಿತ್ತು. ಎದುರಿನ ಚೌಕ ಖಾಲಿ. ಪಕ್ಕದ ಕೂಡಿಸುವ ಗುರುತು ಒತ್ತಿದರೆ ಒಳಗೆ ಎಲ್ಲರೂ ಕ್ಷೇಮ! ಚೆಸ್, ಫ್ರೀಸೆಲ್, ಮೈನ್‌ಸ್ವೀಪರ್, ಸಾಲಿಟೇರ್, ಸ್ಪೈಡರ್. ಎಂಟು ವರ್ಷ ಆಫೀಸಿನಲ್ಲಿ ಉಸಿರು ಬಿಗಿಹಿಡಿದು ಕೂತಿದ್ದವು. ಟಿಕ್ ಹಾಕಿದೆ. ಕೆಲವು ನಿಮಿಷ ಹಿಡಿಯಬಹುದು, ಕಾಯಿರಿ ಎಂದಿತು. ಹಸಿರು ಪಟ್ಟಿ ತೆವಳುತ್ತಿರಲಿ ಎಂದು ಬಿಟ್ಟು ಸಾರಿಗೆ ಒಗ್ಗರಣೆ ಹಾಕಿ ಬಂದರೆ, ನಮ್ಮವರು ಕುರ್ಚಿಯಲ್ಲಿ ಕೂತು ಕಣ್ಣರಳಿಸಿ ನೋಡುತ್ತಿದ್ದರು. ಸೋತೆನೆಂದು ಅನ್ನಲಿಲ್ಲ. "ಸ್ಪೈಡರ್ ಸುಲಭ ಇದೆಯಾ, ಕಷ್ಟ ಇದೆಯಾ?" ಎಂದರು.

ಅತ್ತಯ್ಯನನ್ನು ಕೂರಿಸಿದೆ. ಕನ್ನಡಕ ಮೇಲೇರಿಸಿ ನೋಡಿದರು. ಪೇಕ ಮುಕ್ಕ ಎನ್ನುತ್ತಾರೆ ಅವರು ಎಲೆಗೆ. ಆದರೆ ಇಸ್ಪೀಟು, ಆಟೀನು, ಡೈಮನ್ನು, ಕಳಾವರು ಅರಸೀಕೆರೆಗೂ ವಿಜಯವಾಡಕ್ಕೂ ಒಂದೇ. ಮದುವೆಯಾಗಿ ಬಂದ ಹೊಸದರಲ್ಲಿ ನನಗೆ ಆ ಮನೆಯಲ್ಲಿ ತಕ್ಷಣ ಅರ್ಥವಾದ ನಾಲ್ಕು ಮಾತು ಇವೇ. ಅರಸೀಕೆರೆಯ ನಮ್ಮ ಕಟ್ಟಿನಲ್ಲಿ ಕಳಾವರ್ ಏಳು ಕಳೆದುಹೋಗಿ, ಅದರ ಬದಲಿಗೆ ಯಾರದೋ ಲಗ್ನಪತ್ರಿಕೆಯನ್ನು ಕತ್ತರಿಸಿ ಇಟ್ಟಿದ್ದೆವು. ಹಿಂದುಗಡೆ ಅರಿಶಿನದ ಗುರುತು, ಯಾರ ಕೈಯಲ್ಲಿದೆ ಎಂದು ಊರಿಗೆಲ್ಲ ಗೊತ್ತು. ನನ್ನ ಅಣ್ಣ ಆ ಎಲೆ ಬಂದರೆ ಅತ್ತೇ ಬಿಡುತ್ತಿದ್ದ.

ಇರಲಿ. ಅತ್ತಯ್ಯ ಕೇಳಿದ ಮೊದಲ ಪ್ರಶ್ನೆ, "ಹಂಚಿದ್ದು ಯಾರು?"

"ಕಂಪ್ಯೂಟರು."

"ಕಟ್ ಮಾಡಿದ್ದು ಯಾರು?"

ನಾನು ಪರದೆಯ ಮೂಲೆ ಮೂಲೆ ಹುಡುಕಿದೆ.

"ತಾನೇ ಕಲೆಸಿ, ತಾನೇ ಹಂಚಿ, ಕಟ್ ಯಾರೂ ಮಾಡಿಲ್ಲ ಅಂದ್ರೆ? ಅದು ಆಟ ಅಲ್ಲ ಅಮ್ಮಾಯ್, ಮೋಸಂ. ನಮ್ಮ ಮನೇಲಿ ದೇವರೇ ಹಂಚಿದರೂ ಇನ್ನೊಬ್ಬರು ಕಟ್ ಮಾಡಬೇಕು."

ಕೊನೆಗೊಂದು ರಾಜಿಯಾಯಿತು. ಕೀಬೋರ್ಡಿನ ಮೇಲಿನ ಸಾಲಿನಲ್ಲಿ ಒಂದು ಕೀಲಿಯಿದೆ, ಒತ್ತಿದರೆ ಹೊಸ ಆಟ ಬೀಳುತ್ತದೆ. ಅದನ್ನು ಒತ್ತುವುದೇ ಕಟ್. ಆಡುವವರು ಒತ್ತುವಂತಿಲ್ಲ, ಬೇರೆಯವರೇ ಒತ್ತಬೇಕು. ಬೇರೆಯವರು ಅಂದರೆ ನಾನು. ಅಂದಿನಿಂದ ಅಡುಗೆಮನೆಗೂ ಹಾಲಿಗೂ ನನ್ನ ಚಪ್ಪಲಿ ಸವೆಯಿತು. "ಅಮ್ಮಾಯ್, ಕಟ್!" ಅಂದರೆ ಸೌಟು ಕೆಳಗಿಟ್ಟು ಚಪ್ಪಲಿ ಪಟಪಟ ಬಡಿಯುತ್ತಾ ಓಡುವುದು, ಒತ್ತುವುದು, ಮರಳುವುದು. ಆದರೂ ಮನಸ್ಸಿಗೆ ಹಬ್ಬ. ದಿನಕ್ಕೆ ಎರಡು ಗಂಟೆ ವ್ಯಾಯಾಮ! ಸಿಕ್ಕಿದವರಿಗೆಲ್ಲ ಹೇಳಿಕೊಂಡೆ. ಚೆಂಡಿನಿಂದ ಆಗದ್ದು ನನ್ನ ಟಿಕ್ಕಿನಿಂದ ಆಯಿತು ಎಂದು ವನಜಕ್ಕನ ಹೆಸರೂ ಹೇಳದೆ ಕೊಚ್ಚಿಕೊಂಡೆ.

ಹೋದ ಶುಕ್ರವಾರ ಫಿಜಿಯೋ ಹುಡುಗಿ ಬಂದು ಬೆರಳು ಹಿಡಿದು ನೋಡಿದಳು. ಮತ್ತೆ ನೋಡಿದಳು. "ಆಂಟೀ, ಎರಡು ವಾರದ ಹಿಂದೆ ಇದ್ದ ಹಾಗೇ ಇದೆ. ನಿಜವಾಗಿಯೂ ಬಲಗೈಯಲ್ಲೇ ಆಡ್ತಿದ್ದಾರಾ?" ನನಗೆ ಕೋಪವೇ ಬಂತು. "ನಾನು ಕಣ್ಣಾರೆ ನೋಡ್ತಿದ್ದೀನಮ್ಮಾ" ಅಂದೆ. ಅತ್ತಯ್ಯ ಕಿಟಕಿಯಾಚೆ ಕರಿಬೇವಿನ ಗಿಡ ನೋಡುತ್ತಿದ್ದರು. "ಹಾಗಾದ್ರೆ ಇನ್ನು ಸ್ವಲ್ಪ ದಿನ ನೋಡೋಣ. ಆಮೇಲೆ ಕಷ್ಟ" ಎಂದು ಹೋದಳು. ಎರಡು ದಿನ ನನಗೆ ಮಾಡಿದ ಅಡುಗೆ ರುಚಿಸಲಿಲ್ಲ.

ಇವತ್ತು ಹನ್ನೊಂದರ ಹೊತ್ತಿಗೆ ಒಲೆಯ ಮೇಲಿದ್ದ ಚಾರಿಗೆ, ಅಂದರೆ ಸಾರಿಗೆ, ಹುಣಸೆಹಣ್ಣು ಕಿವುಚುತ್ತಿದ್ದೆ. "ಅಮ್ಮಾಯ್, ಕಟ್!" ಕೇಳಿಸಿತು. ಬಲಗೈಯೆಲ್ಲ ಹುಣಸೆ ರಸ. ಹಾಗೇ ಹೋಗಿ ಎಡಗೈ ಬೆರಳಲ್ಲಿ ಕೀಲಿ ಒತ್ತಿದೆ.

"ಅಯ್ಯಯ್ಯೋ! ಎಡಗೈಲಿ ಮುಕ್ಕ ಮುಟ್ತಾರಾ ಯಾರಾದರೂ? ಈ ಆಟ ಚೆಲ್ಲದು, ಲೆಕ್ಕಕ್ಕಿಲ್ಲ. ಕೈ ತೊಳ್ಕೊಂಡು ಬಾ, ಬಲಗೈಲಿ ಕಟ್ ಮಾಡು."

ಹೋದೆ. ಚಪ್ಪಲಿ ನಲ್ಲಿಯ ಹತ್ತಿರ ಕಳಚಿ ಕೈ ತೊಳೆದು, ಒರೆಸಿಕೊಳ್ಳುತ್ತಾ ಬರಿಗಾಲಲ್ಲೇ ಬಂದೆ. ಬಾಗಿಲಲ್ಲಿ ನಿಂತುಬಿಟ್ಟೆ. ಚೆಲ್ಲದು ಎಂದ ಆಟವನ್ನೇ, ಕೈಗೆ ಒಳ್ಳೆಯ ಎಲೆ ಬಂದಿತ್ತೋ ಏನೋ, ಅತ್ತಯ್ಯ ಆಡುತ್ತಿದ್ದರು. ಮೌಸ್ ಕೀಬೋರ್ಡಿನ ಎಡಗಡೆ ಇತ್ತು. ಎಡಗೈ ಅದರ ಮೇಲೆ ಸರಸರ ಓಡುತ್ತಿತ್ತು, ಇಪ್ಪತ್ತು ವರ್ಷ ಆಫೀಸಿನಲ್ಲಿ ಕೂತವರ ಹಾಗೆ. ಬಲಗೈ ಮಡಿಲಲ್ಲಿ, ಐದೂ ಬೆರಳು ನೀಡಿಕೊಂಡು ಮಲಗಿತ್ತು.

"ಅತ್ತಯ್ಯಾ!"

ಮೌಸ್ ಬಲಗಡೆಗೆ ಹಾರಿತು. ತಂತಿ ಗಣಪತಿಗೆ ಸಿಕ್ಕಿ ಗಣಪತಿ ಅಲ್ಲಾಡಿದ. ಇಷ್ಟು ದಿನವೂ ಹೀಗೇ, ನನ್ನ ಚಪ್ಪಲಿಯ ಸದ್ದು ಕೇಳಿ ಮೌಸ್ ಸರಿಸಿ, ಬಲಗೈಯನ್ನು ಮೇಲೆ ಇಟ್ಟುಕೊಂಡು ಕೂರುತ್ತಿದ್ದರೆಂದು ನನಗೆ ಆಗ ಹೊಳೆಯಿತು.

"ಎಡಗೈಲಿ ಮುಕ್ಕ ಮುಟ್ಟಬಾರದು ಅಂದ್ರಲ್ಲ?"

"ಕಟ್ ಮಾಡಬಾರದು ಅಂದೆ. ಆಡಬಾರದು ಅಂದ್ನಾ?" ಎಂದರು, ಮುಖ ಮಾತ್ರ ಪರದೆಯ ಕಡೆಗೆ.

ನಮ್ಮವರು ಕೋಣೆಯಿಂದ ಬಂದರು. "ಅಮ್ಮಾ, ನಾನು ಚಿಕ್ಕವನಿದ್ದಾಗ ಒಂದು ಬೇಸಿಗೇಲಿ ಎಡಗೈಲಿ ಎಲೆ ಎಸೆದೆ ಅಂತ ಇಡೀ ಪಂದ್ಯದಿಂದ ಎಬ್ಬಿಸಿದ್ದೆಯಲ್ಲ?"

"ನೀನು ಸುಮ್ನಿರೋ ಶೀನೂ. ನಿನ್ನ ಕೈ ಮುರಿದಿತ್ತಾ?" ಅಂದವರು ತಾವೇ ನಿಲ್ಲಿಸಿದರು. ನಾನು ಸ್ಟೂಲು ಎಳೆದುಕೊಂಡು ಪಕ್ಕದಲ್ಲಿ ಕೂತೆ.

"ನೋಯುತ್ತಾ ಅತ್ತಯ್ಯಾ?"

"ನೊಪ್ಪಿ ಅಲ್ಲ ಅಮ್ಮಾಯ್." ಮಡಿಲಿನ ಕೈಯನ್ನು ಬೇರೆಯವರದೇನೋ ಎಂಬಂತೆ ನೋಡಿದರು. "ಬಿದ್ದಾಗ ಒಂದು ಸದ್ದು ಬಂತು. ಒಣ ಕಡ್ಡಿ ಮುರಿದ ಹಾಗೆ. ಬೆರಳು ಮಡಿಸೋಕೆ ಹೋದ್ರೆ ಅದೇ ಸದ್ದು ಮತ್ತೆ ಬರುತ್ತೇನೋ ಅಂತ..."

ಇಷ್ಟು ದಿನ ನಾವು ಅದನ್ನು ಹಟ ಅಂದುಕೊಂಡಿದ್ದೆವು. ಕೇಳಿರಲೇ ಇಲ್ಲ.

ಬಾಯಿಗೆ ಬಂದದ್ದು ಹೇಳಿದೆ. "ಒಂದು ಕೆಲಸ ಮಾಡೋಣ. ನಾನು ಎಡಗೈಲಿ ಆಡ್ತೀನಿ, ನೀವು ಬಲಗೈಲಿ ಆಡಿ. ಇಬ್ಬರಿಗೂ ಬರದ ಕೈ. ಯಾರು ಹೆಚ್ಚು ಎಲೆ ಮೇಲೆ ಏರಿಸ್ತಾರೆ ಅವರು ಗೆದ್ದ ಹಾಗೆ. ಕಟ್ ಮಾಡೋಕೆ ಇವರಿದ್ದಾರೆ."

"ಎಡಗೈಲಿ ಆಡಬಾರದಲ್ಲ?" ಎಂದರು ನಮ್ಮವರು.

"ಅವಳಿಗೆ ಮಾಫಿ," ಅಂದರು ಅತ್ತಯ್ಯ ಕೂಡಲೇ. ಪಂದ್ಯವೆಂದರೆ ಅವರಿಗೆ ಶಾಸ್ತ್ರ ಮರೆಯುತ್ತದೆ.

ಮೊದಲು ನಾನು. ನನ್ನ ಎಡಗೈ ಇಷ್ಟು ಅಪ್ರಯೋಜಕ ಎಂದು ಗೊತ್ತಿರಲಿಲ್ಲ. ಬಾಣ ಎತ್ತ ಹೋಗೆಂದರೆ ಎತ್ತಲೋ ಹೋಗುತ್ತದೆ. ಆಟೀನ್ ರಾಣಿಯನ್ನು ಎತ್ತಿದರೆ ಅವಳು ದಾರಿಯಲ್ಲೇ ಕೈಬಿಟ್ಟು ತವರಿಗೆ ಓಡುತ್ತಾಳೆ. ನಾಲ್ಕು ಎಲೆ ಏರಿಸುವಷ್ಟರಲ್ಲಿ ಬೆವರಿದೆ. ಅತ್ತಯ್ಯ ನಕ್ಕು ನಕ್ಕು ಕೆಮ್ಮಿ, "ಅಯ್ಯಬಾಬೋಯ್, ಇವಳು ಹದಿನೈದು ದಿನ ನನಗೆ ಪಾಠ ಹೇಳಿದವಳು!" ಎಂದು ಸೆರಗಿನಿಂದ ಕಣ್ಣು ಒರೆಸಿಕೊಂಡರು.

ಆಮೇಲೆ ಅವರು. ನಮ್ಮವರು ವಿಧಿವತ್ತಾಗಿ ಬಲಗೈಯಲ್ಲಿ ಕಟ್ ಮಾಡಿದರು. ಬಲಗೈ ಮಡಿಲಿನಿಂದ ಎದ್ದು ಮೌಸಿನ ಮೇಲೆ ಹಲಗೆಯ ಹಾಗೆ ಚಪ್ಪಟೆಯಾಗಿ ಕೂತಿತು. ಮೊದಲ ಎಲೆ ಜಾರಿತು. ಎರಡನೆಯದೂ. ಮೂರನೆಯದಕ್ಕೆ ತೋರುಬೆರಳು ತುಸು, ಅಕ್ಕಿಕಾಳಿನಷ್ಟು, ಬಾಗಿತು. ಯಾವ ಸದ್ದೂ ಬರಲಿಲ್ಲ. ಮೌಸ್ ಟಿಕ್ ಅಂದದ್ದು ಅಷ್ಟೇ. ಅತ್ತಯ್ಯ ಒಂದು ಕ್ಷಣ ಕಾದು ಕೇಳಿಸಿಕೊಂಡರು. ಮತ್ತೆ ಒತ್ತಿದರು. "ಬಾರೇ, ಬಾ ಇಲ್ಲಿ" ಎಂದು ಇಸ್ಪೀಟ್ ಆಸನ್ನು, ನಮ್ಮೂರಿನ ಎಕ್ಕವನ್ನು, ಕೋಳಿಮರಿಯನ್ನು ಅಟ್ಟಿದ ಹಾಗೆ ಅಟ್ಟಿಕೊಂಡು ಹೋಗಿ ಮೇಲಿನ ಖಾನೆಯಲ್ಲಿ ಬಿಟ್ಟರು. ನಾಲಿಗೆಯ ತುದಿ ತುಟಿಯಂಚಿಗೆ ಬಂದಿತ್ತು.

ಆ ಆಟ ಸೋತರು, ಒಂದು ಎಲೆಯಲ್ಲಿ. "ಶೀನೂ, ಕಟ್!" ಎರಡನೆಯದು ಅವರೇ ಗೆದ್ದರು. ಮೂರನೆಯದಕ್ಕೆ ನನ್ನನ್ನು ಕೂರಲೇ ಬಿಡಲಿಲ್ಲ. ಎಲ್ಲ ಎಲೆಯೂ ಮೇಲೇರಿ, ಪರದೆಯ ತುಂಬ ಇಸ್ಪೀಟು ಆಟೀನುಗಳು ಪುಟಿದು ಪುಟಿದು ಬಿದ್ದವು. ನಮ್ಮವರು ಚಪ್ಪಾಳೆ ಹೊಡೆದರು. ಒಲೆಯ ಮೇಲೆ ಚಾರು ಉಕ್ಕಿ ಹರಿದ ವಾಸನೆ ಬಂದದ್ದು ಆಗಲೇ.

ಊಟಕ್ಕೆ ಗೋಂಗೂರ ಪಪ್ಪು, ತುಪ್ಪ, ಉಕ್ಕಿ ಉಳಿದ ಮೂರು ಸೌಟು ಚಾರು, ಕರಿದ ಮಜ್ಜಿಗೆ ಮೆಣಸಿನಕಾಯಿ. ಅತ್ತಯ್ಯ ಚಮಚ ತಟ್ಟೆಯ ಆಚೆಗಿಟ್ಟರು. ಕೈ ಅನ್ನಕ್ಕೆ ಹೋಯಿತು. ಕಲೆಸಿದ್ದು ಹದವಾಗಲಿಲ್ಲ, ಅರ್ಧ ಅನ್ನ ಬೆಳ್ಳಗೇ ಉಳಿಯಿತು, ಮೊದಲ ತುತ್ತಿನ ಮುಕ್ಕಾಲು ಸೀರೆಯ ಮೇಲೆ ಬಿತ್ತು. ಉಳಿದ ಕಾಲು ಬಾಯಿಗೆ ಹೋಯಿತು. ನಾವಿಬ್ಬರೂ ನಮ್ಮ ನಮ್ಮ ತಟ್ಟೆ ನೋಡಿಕೊಂಡು ಊಟ ಮಾಡಿದೆವು. ಎರಡನೇ ಸಲ ಪಪ್ಪು ಕೇಳಿದರು. "ಉಪ್ಪು ಕಡಿಮೆ" ಅಂತಲೂ ಅಂದರು. ತಿಂಗಳುಗಳ ನಂತರ ನನ್ನ ಅಡುಗೆಗೆ ಬಂದ ಮೊದಲ ತಕರಾರು. ನನಗೆ ಬಹಳ ಹಿತವಾಯಿತು.

ಮೊದಲು ನಿದ್ದೆ ಹೋದದ್ದು ಅವರೇ. ನಾನು ತಟ್ಟೆಗಳನ್ನು ಒಳಗಿಟ್ಟು ಬರುವಷ್ಟರಲ್ಲಿ, ಕುರ್ಚಿಯಲ್ಲಿ ಕೂತಂತೆಯೇ, ಕೈ ತೊಳೆಯಲೂ ಏಳದೆ. ಮಡಿ ಎಂಜಲಿನಲ್ಲಿ ಇಷ್ಟು ಕಟ್ಟುನಿಟ್ಟಿನವರು! ಎಬ್ಬಿಸಲು ಮನಸ್ಸಾಗಲಿಲ್ಲ. ಬಟ್ಟೆ ಒದ್ದೆ ಮಾಡಿ ತಂದು ಬಲಗೈ ಒರೆಸಲು ಕೂತೆ. ಬೆರಳುಗಳು ಒಳಕ್ಕೆ ಮಡಿಚಿಕೊಂಡಿದ್ದವು. ಒಂದೊಂದಾಗಿ ಬಿಡಿಸಿ ಒರೆಸಬೇಕಾಯಿತು.